ನಾಯಕನೇ ಇಲ್ಲದ ಆಟ: ವಿಡಿಯೊ ಗೇಮುಗಳಲ್ಲಿ ಪಾಪಾಯ್

ಪಾಲಕ್ ಸೊಪ್ಪಿನ ಡಬ್ಬಿಯನ್ನು ಮುಷ್ಟಿಯಲ್ಲಿ ಹಿಂಡಿ ಬಾಯಿಗೆ ಸುರಿದುಕೊಂಡು, ಮರುಕ್ಷಣವೇ ತನ್ನ ಎರಡರಷ್ಟು ದೊಡ್ಡ ಎದುರಾಳಿಯನ್ನು ಆಕಾಶಕ್ಕೆ ಹಾರಿಸುವ ಒಕ್ಕಣ್ಣ ನಾವಿಕ ಪಾಪಾಯ್ ನಿಮಗೆ ಅಪರಿಚಿತನೇನಲ್ಲ. 1995ರಲ್ಲಿ ಭಾರತದಲ್ಲಿ ಕಾರ್ಟೂನ್ ನೆಟ್‌ವರ್ಕ್ ವಾಹಿನಿ ಆರಂಭವಾದ ಮೇಲಂತೂ ನಮ್ಮ ಮಕ್ಕಳಿಗೆ ಅವನು ಚೆನ್ನಾಗಿ ಪರಿಚಿತನಾದ. ವಿಡಿಯೊ ಗೇಮುಗಳ ಚರಿತ್ರೆಯಲ್ಲಿ ಇವನದು ವಿಚಿತ್ರ ಸ್ಥಾನ. ಇವನ ಹೆಸರು ಹೊತ್ತ ಆಟಗಳು ಅನೇಕ. ಆದರೆ ಅವೆಲ್ಲಕ್ಕಿಂತ ಹೆಚ್ಚು ಪ್ರಸಿದ್ಧವಾದದ್ದು ಇವನಿಗಾಗಿಯೇ ಯೋಚಿಸಿ, ಕೊನೆಗೆ ಇವನಿಲ್ಲದೆಯೇ ತಯಾರಾದ ಒಂದು ಆಟ. ಇವನು ಇದ್ದ ಆಟಗಳಲ್ಲೂ, ಇವನ ಎಷ್ಟು ಭಾಗ ಪರದೆಯ ಮೇಲೆ ಕಾಣಬೇಕೆಂಬುದನ್ನು ನಿರ್ಧರಿಸಿದ್ದು ಚಿತ್ರಕಾರನಲ್ಲ. ಆಯಾ ಕಾಲದ ಸ್ಮೃತಿ ಚಿಪ್ಪು, ದ್ರವ ಸ್ಫಟಿಕ ಮತ್ತು ಟಿ.ವಿ. ಕೊಳವೆಯೊಳಗಿನ ಎಲೆಕ್ಟ್ರಾನ್ ಕಿರಣ. ವಿಜ್ಞಾನದ ವಿದ್ಯಾರ್ಥಿಗಳು ಈ ಕಥೆಯನ್ನು ಕೇಳಲೇಬೇಕು.

ಪತ್ರಿಕೆಯಿಂದ ಚಲನಚಿತ್ರಕ್ಕೆ

ಪಾಪಾಯ್ ಹುಟ್ಟಿದ್ದು ಪತ್ರಿಕೆಯ ಚಿತ್ರಪಟ್ಟಿಯಲ್ಲಿ. ಅಮೆರಿಕದ ಇ. ಸಿ. ಸೆಗರ್ ಎಂಬ ವ್ಯಂಗ್ಯಚಿತ್ರಕಾರ 1919ರಿಂದ ಬರೆಯುತ್ತಿದ್ದ 'ಥಿಂಬಲ್ ಥಿಯೇಟರ್' ಎಂಬ ಮಾಲೆಗೆ, 1929ರ ಜನವರಿ 17ರಂದು ಒಂದು ಸಣ್ಣ ಪಾತ್ರವಾಗಿ ಬಂದ. ಬಂದವನು ಹೋಗಲಿಲ್ಲ, ಮಾಲೆಯನ್ನೇ ತನ್ನದಾಗಿಸಿಕೊಂಡ. 1933ರಲ್ಲಿ ಫ್ಲೈಶರ್ ಸೋದರರ ಸ್ಟುಡಿಯೊ ಅವನನ್ನು ಅನಿಮೇಷನ್ ಚಿತ್ರಗಳಿಗೆ ತಂದಿತು.

ಈ ಸೋದರರಲ್ಲಿ ಹಿರಿಯನಾದ ಮ್ಯಾಕ್ಸ್ ಫ್ಲೈಶರ್ ಬಗ್ಗೆ ಇಲ್ಲೊಂದು ಮಾತು ಹೇಳಲೇಬೇಕು. ಅವನು 'ಪಾಪ್ಯುಲರ್ ಸೈನ್ಸ್' ಎಂಬ ವಿಜ್ಞಾನ ಮಾಸಿಕದ ಕಲಾ ಸಂಪಾದಕನಾಗಿದ್ದವನು. ನಟನ ಚಲನೆಯನ್ನು ಮೊದಲು ಚಿತ್ರೀಕರಿಸಿ, ಆ ಬಿಂಬಗಳ ಮೇಲೆ ಗೆರೆ ಎಳೆದು ಚಿತ್ರ ಬಿಡಿಸುವ ರೋಟೊಸ್ಕೋಪ್ ಎಂಬ ಸಾಧನಕ್ಕೆ 1917ರಲ್ಲಿ ಪೇಟೆಂಟ್ ಪಡೆದವನೂ ಅವನೇ. ಐನ್‌ಸ್ಟೈನರ ಸಾಪೇಕ್ಷತಾ ಸಿದ್ಧಾಂತವನ್ನು ಜನಸಾಮಾನ್ಯರಿಗೆ ತಿಳಿಸುವ ಚಿತ್ರವೊಂದನ್ನು 1923ರಲ್ಲಿಯೇ ಹೊರತಂದಿದ್ದ. ಪಾಪಾಯ್‌ನ ಮುಷ್ಟಿಯ ಹಿಂದೆ ಇಂಥವನ ಕೈ ಇತ್ತು ಎಂಬುದು ಭೌತವಿಜ್ಞಾನದ ಅಧ್ಯಾಪಕನಾದ ನನಗೆ ಸಂತೋಷದ ಸಂಗತಿ.

ಈಗ ಒಂದು ಲೆಕ್ಕ ಮಾಡಿ. ಚಲನಚಿತ್ರದಲ್ಲಿ ಸೆಕೆಂಡಿಗೆ 24 ಚೌಕಟ್ಟುಗಳು. ಏಳು ನಿಮಿಷದ ಚಿತ್ರಕ್ಕೆ 10,080 ಚೌಕಟ್ಟುಗಳು ಬೇಕು. ಪ್ರತಿ ಚಿತ್ರವನ್ನೂ ಎರಡು ಚೌಕಟ್ಟುಗಳಿಗೆ ಬಳಸಿದರೂ ಐದು ಸಾವಿರಕ್ಕೂ ಮೀರಿದ ರೇಖಾಚಿತ್ರಗಳು. ಅಂದರೆ ಚಿತ್ರದ ಪಾಪಾಯ್ ಎಂಬುವನು ಸಾವಿರಾರು ಪಾಪಾಯ್‌ಗಳ ಮೊತ್ತ. ಈ ಅಂಕಿಯನ್ನು ನೆನಪಿನಲ್ಲಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಸೊಪ್ಪಿನ ಶಕ್ತಿ

ಪಾಪಾಯ್ ಆಟದ ಯಂತ್ರಕ್ಕೆ ಕಾಲಿಡುವ ಮೊದಲೇ ಅವನ ಪಾಲಕ್ ಸೊಪ್ಪು ಅಲ್ಲಿಗೆ ತಲಪಿತ್ತು. 1980ರಲ್ಲಿ ಜಪಾನಿನ ನಾಮ್ಕೊ ಕಂಪನಿ 'ಪ್ಯಾಕ್‌ಮ್ಯಾನ್' ಆಟವನ್ನು ಹೊರತಂದಿತು. ಭೂತಗಳಿಗೆ ಹೆದರಿ ಓಡುವ ಹಳದಿ ಚಕ್ರವು ದೊಡ್ಡದೊಂದು ಗುಳಿಗೆಯನ್ನು ನುಂಗಿದೊಡನೆ, ಕೆಲವು ಸೆಕೆಂಡುಗಳ ಮಟ್ಟಿಗೆ ಬೇಟೆಯೇ ಬೇಟೆಗಾರನಾಗುತ್ತದೆ. ಈ ಗುಳಿಗೆಯ ಕಲ್ಪನೆ ತನಗೆ ಬಂದದ್ದು ಪಾಪಾಯ್‌ನ ಪಾಲಕ್‌ನಿಂದ ಎಂದು ಆಟದ ವಿನ್ಯಾಸಕಾರ ತೋರು ಇವಾತಾನಿ ಹೇಳಿದ್ದಾರೆ. ಆಟಗಾರನಿಗೆ ಮಿತ ಕಾಲದ ಶಕ್ತಿ ಕೊಟ್ಟು ಮತ್ತೆ ಕಿತ್ತುಕೊಳ್ಳುವ ಈ ಉಪಾಯವು ಮುಂದೆ ಅಸಂಖ್ಯಾತ ಆಟಗಳಿಗೆ ಹರಡಿತು.

ಪಾಲಕ್ ಎಂದೊಡನೆ ಕಬ್ಬಿಣದ ಮಾತು ಬರುತ್ತದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಯಾರೋ ದಶಾಂಶ ಬಿಂದುವನ್ನು ತಪ್ಪಾದ ಸ್ಥಾನದಲ್ಲಿ ಇಟ್ಟರು, ಅದರಿಂದ ಪಾಲಕ್‌ನ ಕಬ್ಬಿಣ ಹತ್ತು ಪಟ್ಟು ಹೆಚ್ಚಿ ಕಂಡಿತು, ಪಾಪಾಯ್ ಅದನ್ನು ನಂಬಿದ ಎಂಬ ಕಥೆಯನ್ನು ನೀವು ಕೇಳಿರಬಹುದು. ತರಗತಿಯಲ್ಲಿ ಹೇಳಿಯೂ ಇರಬಹುದು. ಈ ಕಥೆ ಜನಪ್ರಿಯವಾದದ್ದು ಬ್ರಿಟನ್ನಿನ ವೈದ್ಯ ಟಿ. ಜೆ. ಹ್ಯಾಂಬ್ಲಿನ್ 1981ರಲ್ಲಿ 'ಬ್ರಿಟಿಷ್ ಮೆಡಿಕಲ್ ಜರ್ನಲ್'ನಲ್ಲಿ ಬರೆದ ಲೇಖನದಿಂದ. ಮೈಕ್ ಸಟನ್ ಎಂಬ ಸಂಶೋಧಕರು ಇದರ ಮೂಲವನ್ನು ಹುಡುಕಿ ಹೊರಟು, ದಶಾಂಶ ಬಿಂದುವಿನ ಕಥೆಗೆ ಆಧಾರವೇ ಇಲ್ಲವೆಂದು 2010ರಲ್ಲಿ ಪ್ರಕಟಿಸಿದರು. ಸೆಗರ್ ತನ್ನ 1932ರ ಚಿತ್ರಪಟ್ಟಿಯಲ್ಲಿ ಪಾಪಾಯ್‌ನ ಬಾಯಿಂದ ಹೇಳಿಸಿದ್ದು ಎ ಜೀವಸತ್ವದ ಮಾತನ್ನು, ಕಬ್ಬಿಣದ ಮಾತನ್ನಲ್ಲ! 100 ಗ್ರಾಂ ಹಸಿ ಪಾಲಕ್‌ನಲ್ಲಿರುವ ಕಬ್ಬಿಣ ಸುಮಾರು 2.7 ಮಿಲಿಗ್ರಾಂ. ತಪ್ಪನ್ನು ತಿದ್ದಲು ಹೊರಟ ಕಥೆಯೇ ತಪ್ಪಾಗಿತ್ತು ಎಂಬುದು ಇಲ್ಲಿನ ವಿನೋದ.

1981ರ ಬಿಕ್ಕಟ್ಟು

ಈಗ ಮುಖ್ಯ ಘಟನೆಗೆ ಬರೋಣ. ಜಪಾನಿನ ಕ್ಯೋಟೋ ನಗರದ ನಿಂಟೆಂಡೊ ಕಂಪನಿ 'ರಾಡಾರ್ ಸ್ಕೋಪ್' ಎಂಬ ಆಟದ ಯಂತ್ರಗಳನ್ನು ಅಮೆರಿಕಕ್ಕೆ ಕಳುಹಿಸಿತ್ತು. ಸುಮಾರು 3,000 ಯಂತ್ರಗಳಲ್ಲಿ ಮಾರಾಟವಾದದ್ದು 1,000 ಮಾತ್ರ. ಉಳಿದವು ಗೋದಾಮಿನಲ್ಲಿ ಕೂತವು. ಪೆಟ್ಟಿಗೆ, ಪರದೆ, ವಿದ್ಯುನ್ಮಂಡಲಗಳನ್ನು ಉಳಿಸಿಕೊಂಡು ಒಳಗಿನ ಆಟವನ್ನಷ್ಟೇ ಬದಲಾಯಿಸಿದರೆ ಅವನ್ನು ಮಾರಬಹುದು ಎಂದು ಕಂಪನಿ ಯೋಚಿಸಿತು. ಆ ಹೊಣೆ ಬಂದದ್ದು ಶಿಗೆರು ಮಿಯಾಮೊಟೊ ಎಂಬ ತರುಣ ಕಲಾವಿದನ ಹೆಗಲಿಗೆ. ಮೇಲ್ವಿಚಾರಣೆ ಗುನ್‌ಪೇ ಯೊಕೊಯಿ ಎಂಬ ಹಿರಿಯ ಎಂಜಿನಿಯರನದು.

ಮೊದಲ ಯೋಚನೆ ಪಾಪಾಯ್ ಆಗಿತ್ತು. ಕಥೆ ಸಿದ್ಧವಾಗಿಯೇ ಇತ್ತು: ನಾಯಕ ಪಾಪಾಯ್, ಅವನ ಗೆಳತಿ ಆಲಿವ್ ಆಯಿಲ್, ಅವಳನ್ನು ಹೊತ್ತೊಯ್ಯುವ ದಾಂಡಿಗ ಬ್ಲೂಟೊ. ಆದರೆ ಪಾತ್ರಗಳನ್ನು ಬಳಸುವ ಅನುಮತಿ ಆ ಹೊತ್ತಿಗೆ ಕೈಗೂಡಲಿಲ್ಲ. ಮಿಯಾಮೊಟೊ ಮಾಡಿದ್ದು ಜಾಣತನದ ಕೆಲಸ. ಪಾತ್ರಗಳನ್ನು ಬಿಟ್ಟು, ಅವುಗಳ ನಡುವಿನ ಸಂಬಂಧವನ್ನು ಉಳಿಸಿಕೊಂಡರು. ದಾಂಡಿಗನ ಸ್ಥಾನಕ್ಕೆ ದೈತ್ಯ ವಾನರ ಬಂದ. ಗೆಳತಿಯ ಸ್ಥಾನಕ್ಕೆ ಇನ್ನೊಬ್ಬ ಯುವತಿ. ನಾವಿಕನ ಸ್ಥಾನಕ್ಕೆ ಒಬ್ಬ ಬಡಗಿ. 1981ರ ಜುಲೈನಲ್ಲಿ ಆಟ ಹೊರಬಂತು. ಅದರ ಹೆಸರು 'ಡಾಂಕಿ ಕಾಂಗ್'. 'ಜಂಪ್‌ಮ್ಯಾನ್' ಎಂಬ ಹೆಸರಿನ ಆ ಬಡಗಿಯೇ ಮುಂದೆ ಮಾರಿಯೊ ಎಂದು ಲೋಕಪ್ರಸಿದ್ಧನಾದವನು.

ಪಾಪಾಯ್ ಮರೆಯಾದರೂ ಅವನ ಕುರುಹುಗಳು ಉಳಿದವು. ಉಕ್ಕಿನ ತೊಲೆಗಳ ಕಟ್ಟಡವನ್ನೇ ನೋಡಿ. ನಿದ್ದೆಯಲ್ಲಿ ನಡೆಯುವ ಆಲಿವ್ ಅರೆಕಟ್ಟಿದ ಕಟ್ಟಡದ ತೊಲೆಗಳ ಮೇಲೆ ಹೆಜ್ಜೆ ಹಾಕುವ ಪಾಪಾಯ್ ಚಿತ್ರವೊಂದು 1934ರಲ್ಲಿ ಬಂದಿತ್ತು. ಬಿದ್ದೇಬಿಟ್ಟಳು ಎನ್ನುವಷ್ಟರಲ್ಲಿ ಇನ್ನೊಂದು ತೊಲೆ ಅವಳ ಕಾಲಿಗೆ ಸಿಗುತ್ತದೆ. ಇಂಥ ದೃಶ್ಯ ತಮ್ಮ ಮನಸ್ಸಿನಲ್ಲಿತ್ತೆಂದು ಮಿಯಾಮೊಟೊ ಅನಂತರ ಹೇಳಿಕೊಂಡಿದ್ದಾರೆ. ಸುತ್ತಿಗೆಯನ್ನು ಹಿಡಿದರೆ ಕೆಲವು ಸೆಕೆಂಡುಗಳ ಕಾಲ ಎದುರಿಗೆ ಬಂದದ್ದನ್ನೆಲ್ಲ ಪುಡಿಮಾಡುವ ಶಕ್ತಿ ಬರುತ್ತದೆ. ಅದು ಪಾಲಕ್ ಅಲ್ಲದೆ ಮತ್ತೇನು ಎಂದು ನನಗೆ ಅನ್ನಿಸುತ್ತದೆ.

ಹೊಸ ನಾಯಕನ ರೂಪವನ್ನು ನಿರ್ಧರಿಸಿದ್ದು ಯಂತ್ರದ ಇತಿಮಿತಿ. ಜಂಪ್‌ಮ್ಯಾನ್‌ಗೆ ಸಿಕ್ಕ ಜಾಗ ಉದ್ದಕ್ಕೆ 16, ಅಗಲಕ್ಕೆ 16 ಬಿಂದುಗಳು, ಅಂದರೆ 256 ಪಿಕ್ಸೆಲ್‌ಗಳು. ಒಂದೊಂದು ಬಿಂದುವಿಗೆ 2 ಬಿಟ್ ಎಂದರೆ ಒಟ್ಟು 512 ಬಿಟ್, ಅಥವಾ 64 ಬೈಟ್. ಇಷ್ಟರಲ್ಲಿ ಬಾಯಿ ಬಿಡಿಸಲು ಜಾಗವಿಲ್ಲ, ಆದ್ದರಿಂದ ಮೀಸೆ. ಕೂದಲು ಹಾರುವಂತೆ ತೋರಿಸಲಾಗದು, ಆದ್ದರಿಂದ ಟೊಪ್ಪಿಗೆ. ಕೈ ಬೀಸುವುದು ಕಾಣಬೇಕಾದರೆ ತೋಳು ಮತ್ತು ಮೈಯ ಬಣ್ಣ ಬೇರೆಯಿರಬೇಕು, ಆದ್ದರಿಂದ ಪಟ್ಟಿಯ ಮೇಲಂಗಿ. ಐದು ಸಾವಿರ ರೇಖಾಚಿತ್ರಗಳ ಪಾಪಾಯ್‌ಗೆ ಹೋಲಿಸಿದರೆ ಇವನೊಬ್ಬ ಕಡುಬಡವ. ಆದರೆ ಇವನು ಹುಟ್ಟಿದ್ದೇ ಆ ಬಡತನದೊಳಗೆ. ಪಾಪಾಯ್ ಮಾತ್ರ ಸಿರಿತನದಿಂದ ಬಡತನಕ್ಕೆ ಇಳಿದು ಬರಬೇಕಾಗಿತ್ತು.

ಜಂಪ್‌ಮ್ಯಾನ್‌ನ ಜಿಗಿತವನ್ನು ಭೌತವಿಜ್ಞಾನದ ವಿದ್ಯಾರ್ಥಿಗಳು ಗಮನಿಸಬೇಕು. ಒಮ್ಮೆ ನೆಲ ಬಿಟ್ಟ ಮೇಲೆ ಅವನು ದಿಕ್ಕು ಬದಲಿಸುವಂತಿಲ್ಲ. ಕ್ಷಿತಿಜ ದಿಕ್ಕಿನ ವೇಗ ಹಾಗೆಯೇ ಉಳಿಯುತ್ತದೆ. ಇದು ಎಸೆದ ಕಲ್ಲಿನ ಪಥಕ್ಕೆ ಹತ್ತಿರ. 1985ರ 'ಸೂಪರ್ ಮಾರಿಯೊ ಬ್ರದರ್ಸ್'ನಲ್ಲಿ ಅದೇ ನಾಯಕ ಗಾಳಿಯಲ್ಲಿದ್ದಾಗಲೂ ಹಿಂದೆ ಮುಂದೆ ವಾಲಬಲ್ಲ. ಆಟ ಸುಧಾರಿಸಿತು, ನ್ಯೂಟನ್ ದೂರವಾದ.

ಕ್ಯಾಲ್ಕುಲೇಟರ್ ಪರದೆಯ ಮೇಲೆ

ಅನುಮತಿಯ ತೊಡಕು ಬಹಳ ದಿನ ಉಳಿಯಲಿಲ್ಲ. ಅದೇ 1981ರ ಆಗಸ್ಟ್‌ನಲ್ಲಿಯೇ ನಿಂಟೆಂಡೊ ತನ್ನ 'ಗೇಮ್ ಅಂಡ್ ವಾಚ್' ಎಂಬ ಅಂಗೈಯಗಲದ ಆಟಗಳ ಸಾಲಿನಲ್ಲಿ ಪಾಪಾಯ್‌ನನ್ನು ಹೊರತಂದಿತು. ಈ ಸಾಲು 1980ರಲ್ಲಿ ಆರಂಭವಾದದ್ದು. ಅದರ ಜನಕ ಯೊಕೊಯಿ. ಕ್ಯಾಲ್ಕುಲೇಟರ್ ತಯಾರಕರ ಪೈಪೋಟಿಯಿಂದ ಅಗ್ಗವಾಗಿದ್ದ ದ್ರವ ಸ್ಫಟಿಕ ಪರದೆಯನ್ನು ಆಟಕ್ಕೆ ಬಳಸಿದ್ದು ಅವರ ಚಾತುರ್ಯ. ಹಳತಾಗಿ ಅಗ್ಗವಾದ ತಂತ್ರವನ್ನು ಹೊಸ ಕಡೆ ಬಳಸಬೇಕೆಂಬುದು ಅವರ ಜೀವನದುದ್ದಕ್ಕೂ ಇದ್ದ ನಿಲುವು.

ಈ ಪರದೆಯ ಕೆಲಸ ಹೀಗೆ. ಎರಡು ಗಾಜಿನ ಹಲಗೆಗಳ ನಡುವೆ ದ್ರವ ಸ್ಫಟಿಕದ ತೆಳು ಪದರ. ಮೇಲಿನಿಂದ ಕೆಳಕ್ಕೆ ಬರುತ್ತ ಅಣುಗಳ ದಿಕ್ಕು ಸುರುಳಿ ಮೆಟ್ಟಿಲಿನಂತೆ 90 ಡಿಗ್ರಿ ತಿರುಗುತ್ತದೆ. ಹಲಗೆಗಳ ಹೊರಮೈಗೆ, ಪರಸ್ಪರ ಲಂಬವಾಗಿ, ಎರಡು ಧ್ರುವಕಾರಿಗಳು. ಮೊದಲ ಧ್ರುವಕಾರಿಯನ್ನು ದಾಟಿದ ಬೆಳಕಿನ ಕಂಪನ ತಲವು ಅಣುಗಳೊಂದಿಗೆ ತಾನೂ ತಿರುಗಿ ಎರಡನೆಯದನ್ನು ದಾಟುತ್ತದೆ. ಪರದೆ ತಿಳಿಯಾಗಿ ಕಾಣುತ್ತದೆ. ವಿಭವಾಂತರ ಕೊಟ್ಟರೆ ಅಣುಗಳು ಎದ್ದು ನಿಲ್ಲುತ್ತವೆ, ಸುರುಳಿ ಮುರಿಯುತ್ತದೆ, ಬೆಳಕು ತಡೆಯಲ್ಪಟ್ಟು ಅಷ್ಟು ಜಾಗ ಕಪ್ಪಾಗುತ್ತದೆ. ಶಾಟ್ ಮತ್ತು ಹೆಲ್‌ಫ್ರಿಷ್ ಈ ಪರಿಣಾಮವನ್ನು ಪ್ರಕಟಿಸಿದ್ದು 1971ರಲ್ಲಿ. ಹತ್ತು ವರ್ಷಗಳಲ್ಲಿ ಅದು ಮಕ್ಕಳ ಕೈಯಲ್ಲಿತ್ತು. (ದ್ರವ ಸ್ಫಟಿಕದ ಮಾತು ಬಂದಾಗ ಬೆಂಗಳೂರನ್ನು ಮರೆಯಲಾಗದು. ತಟ್ಟೆಯಾಕಾರದ ಅಣುಗಳೂ ದ್ರವ ಸ್ಫಟಿಕಗಳಾಗಬಲ್ಲವು ಎಂದು ರಾಮನ್ ಸಂಶೋಧನಾ ಸಂಸ್ಥೆಯಲ್ಲಿ ಎಸ್. ಚಂದ್ರಶೇಖರ್ ಮತ್ತು ಸಂಗಡಿಗರು ತೋರಿಸಿದ್ದು 1977ರಲ್ಲಿ. ಯೊಕೊಯಿ ಬಳಸಿದ್ದು ಅದಲ್ಲ, ಕಡ್ಡಿಯಾಕಾರದ ಅಣುಗಳ ಬಗೆ.)

ಇಲ್ಲಿ ಪಿಕ್ಸೆಲ್‌ಗಳೇ ಇಲ್ಲ. ಪಾಪಾಯ್‌ನ ಆಕಾರವನ್ನೇ ಪಾರದರ್ಶಕ ವಿದ್ಯುದಗ್ರವಾಗಿ ಗಾಜಿನ ಮೇಲೆ ಮೂಡಿಸಿರುತ್ತಾರೆ. ಅವನು ನಿಲ್ಲಬಹುದಾದ ಪ್ರತಿ ಸ್ಥಾನಕ್ಕೂ ಒಂದು ಪ್ರತ್ಯೇಕ ಪಾಪಾಯ್. ದೋಣಿಯಲ್ಲಿ ನಿಂತು, ಆಲಿವ್ ಎಸೆದದ್ದನ್ನು ಅವನು ಹಿಡಿಯಬೇಕು. 'ಚಲಿಸಿದ' ಎಂದರೆ ಒಂದು ಪಾಪಾಯ್ ಅಳಿದು ಪಕ್ಕದ ಪಾಪಾಯ್ ಕಪ್ಪಾದ ಎಂದರ್ಥ, ಅಷ್ಟೆ. ಹಾಗಾಗಿ ಚಲನೆಯಲ್ಲಿ ಈ ಪಾಪಾಯ್ ತೀರ ದರಿದ್ರ. ಗೆರೆಯಲ್ಲಿ ಮಾತ್ರ ಶ್ರೀಮಂತ. ಪೈಪು, ಗಲ್ಲ, ಉಬ್ಬಿದ ಮುಂಗೈ ಎಲ್ಲವೂ ಪತ್ರಿಕೆಯಲ್ಲಿದ್ದಂತೆಯೇ ನುಣುಪಾಗಿ ಮೂಡಿದ್ದವು.

ಜಿಗಿಯದ ನಾಯಕ

1982ರಲ್ಲಿ ನಿಂಟೆಂಡೊ ದೊಡ್ಡ ಪೆಟ್ಟಿಗೆಯ 'ಪಾಪಾಯ್' ಆಟವನ್ನು ಬಿಡುಗಡೆ ಮಾಡಿತು. ವರ್ಷದ ಹಿಂದೆ ತಪ್ಪಿಹೋದ ಅವಕಾಶ ಈಗ ಕೈಗೂಡಿತ್ತು. ಆಟದ ವಿನ್ಯಾಸ ಕುತೂಹಲಕಾರಿ. ಮೇಲಂತಸ್ತಿನಲ್ಲಿ ನಿಂತ ಆಲಿವ್ ಮೊದಲ ದೃಶ್ಯದಲ್ಲಿ ಹೃದಯಗಳನ್ನು, ಎರಡನೆಯದರಲ್ಲಿ ಸಂಗೀತದ ಸ್ವರಚಿಹ್ನೆಗಳನ್ನು, ಹಡಗಿನ ಮೂರನೆಯ ದೃಶ್ಯದಲ್ಲಿ ಸಹಾಯ ಕೋರುವ ಇಂಗ್ಲಿಷ್ ಪದದ ಅಕ್ಷರಗಳನ್ನು ಎಸೆಯುತ್ತಾಳೆ. ಅವು ನೀರಿನ ಪಾಲಾಗಿ ಮುಳುಗುವ ಮೊದಲು ಪಾಪಾಯ್ ಹಿಡಿಯಬೇಕು. ಬೆನ್ನ ಹಿಂದೆ ಬ್ರೂಟಸ್. (ಬ್ಲೂಟೊ ಎಂಬ ಹೆಸರಿನ ಹಕ್ಕು ಬೇರೆಯವರದು ಎಂಬ ತಪ್ಪು ತಿಳಿವಳಿಕೆಯಿಂದ 1960ರ ಟಿ.ವಿ. ಮಾಲೆಯಲ್ಲಿ ಅವನಿಗೆ ಬ್ರೂಟಸ್ ಎಂದು ಹೆಸರಿಟ್ಟಿದ್ದರು. ಅದೇ ಇಲ್ಲೂ ಉಳಿಯಿತು.) ಸೀ ಹ್ಯಾಗ್ ಎಂಬ ಮಾಟಗಾತಿ ಸೀಸೆಗಳನ್ನು ತೂರುತ್ತಾಳೆ. ಪಾಲಕ್ ಡಬ್ಬಿಗೆ ಗುದ್ದಿದರೆ ಕೆಲವು ಸೆಕೆಂಡುಗಳ ಮಟ್ಟಿಗೆ ಬ್ರೂಟಸ್‌ನೇ ಓಡಬೇಕು.

ಪ್ಯಾಕ್‌ಮ್ಯಾನ್ ಎರವಲು ಪಡೆದ ಸೊಪ್ಪು ಹೀಗೆ ತನ್ನ ಒಡೆಯನ ಬಳಿಗೆ ಬಂತು. ಇನ್ನೊಂದು ಎರವಲು ಮಾತ್ರ ಹಿಂದಿರುಗಲಿಲ್ಲ. ಈ ಆಟದಲ್ಲಿ ಪಾಪಾಯ್ ಜಿಗಿಯಲಾರ! ಬ್ರೂಟಸ್ ಮೇಲಿನ ಅಂತಸ್ತಿನಿಂದ ಕೆಳಕ್ಕೆ ಧುಮುಕಬಲ್ಲ. ನಾಯಕನಿಗೆ ಇರುವುದು ಮೆಟ್ಟಿಲು ಮತ್ತು ಮುಷ್ಟಿ ಮಾತ್ರ. ಅವನ ಬದಲಿಗೆ ಬಂದ ಬಡಗಿ ಜಿಗಿತದಿಂದಲೇ ಹೆಸರು ಪಡೆದಿದ್ದ. ನಿಜವಾದ ಪಾಪಾಯ್ ಗುದ್ದುವವನು, ಹಾರುವವನಲ್ಲ ಎಂಬುದನ್ನು ವಿನ್ಯಾಸಕಾರರು ಗೌರವಿಸಿದರೆಂದು ನಾನು ಭಾವಿಸುತ್ತೇನೆ. ಎರಡನೆಯ ದೃಶ್ಯದಲ್ಲೊಮ್ಮೆ ಅವನು ಮೇಲೆ ಏಳುತ್ತಾನೆ, ಅದೂ ಏತದ ಹಲಗೆಯಂಥ ಸನ್ನೆಯ ನೆರವಿನಿಂದ, ಸ್ವೀಪೀ ಎಂಬ ಕೂಸನ್ನು ಮುಟ್ಟಲು.

ಬೀಳುವ ಹೃದಯಗಳನ್ನು ಗಮನಿಸಿದರೆ ಇನ್ನೊಂದು ಪಾಠ ಸಿಗುತ್ತದೆ. ಅವು ಕಲ್ಲಿನಂತೆ ವೇಗೋತ್ಕರ್ಷದಿಂದ ಬೀಳುವುದಿಲ್ಲ. ಒಣಗಿದ ಎಲೆಯಂತೆ ಅತ್ತಿತ್ತ ತೂಗಾಡುತ್ತ ಇಳಿಯುತ್ತವೆ. ಹಗುರವಾದ ವಸ್ತುವಿಗೆ ಗಾಳಿಯ ತಡೆಯಿಂದ ಬರುವ ಅಂತಿಮ ವೇಗವನ್ನು ತರಗತಿಯಲ್ಲಿ ವಿವರಿಸಲು ಇದಕ್ಕಿಂತ ಹಿತವಾದ ಉದಾಹರಣೆ ಬೇಡ.

ಚಿತ್ರದ ಗುಣಮಟ್ಟವೂ ಗಮನಾರ್ಹ. ಈ ಯಂತ್ರದಲ್ಲಿ ಹಿನ್ನೆಲೆಯನ್ನು ಒರಟಾದ ದೊಡ್ಡ ಚೌಕಗಳಲ್ಲಿ ಬಿಡಿಸಿ, ಪಾತ್ರಗಳನ್ನು ಮಾತ್ರ ಹೆಚ್ಚು ಸೂಕ್ಷ್ಮ ಬಿಂದುಗಳಲ್ಲಿ ತೋರಿಸುವ ವ್ಯವಸ್ಥೆಯಿತ್ತು. ಮೀಸೆಯ ಬಡಗಿಯನ್ನು ನಿಮ್ಮಿಷ್ಟದಂತೆ ಕೆತ್ತಬಹುದು. ಆದರೆ ಅರ್ಧ ಶತಮಾನದಿಂದ ಜನ ನೋಡಿದ ಮುಖ ಇದು. ಸಿಗುವ ಸೂಕ್ಷ್ಮತೆಯನ್ನು ಆ ಮುಖಕ್ಕೆ ಕೊಟ್ಟು ಗೋಡೆ, ಮೆಟ್ಟಿಲುಗಳಿಗೆ ಉಳಿತಾಯ ಮಾಡಿದ್ದು ಸರಿಯಾದ ಲೆಕ್ಕಾಚಾರವೇ.

ಮನೆಯ ಟಿ.ವಿ.ಗೆ

ಮನೆಗಳಲ್ಲಿದ್ದ ಯಂತ್ರಗಳಿಗೆ ಇಷ್ಟು ಶಕ್ತಿಯಿರಲಿಲ್ಲ. 1983ರಲ್ಲಿ ಅಮೆರಿಕದ ಪಾರ್ಕರ್ ಬ್ರದರ್ಸ್ ಕಂಪನಿ ಪಾಪಾಯ್ ಆಟವನ್ನು ಹಲವು ಯಂತ್ರಗಳಿಗೆ ಅಳವಡಿಸಿತು. ಅವುಗಳಲ್ಲಿ ಅತ್ಯಂತ ಕಠಿಣವಾದದ್ದು ಅಟಾರಿ 2600. ಅದರ ತಾತ್ಕಾಲಿಕ ಸ್ಮೃತಿ ಒಟ್ಟು 128 ಬೈಟ್. ಇದು ತಪ್ಪು ಮುದ್ರಣವಲ್ಲ. ಕಿಲೊಬೈಟ್ ಅಲ್ಲ, ಬೈಟ್. ಪರದೆಯ ಒಂದು ಚಿತ್ರವನ್ನು ಕೂಡಿಡಲು ಅಲ್ಲಿ ಜಾಗವೇ ಇಲ್ಲ. ಹಾಗಾಗಿ ಟಿ.ವಿ. ಕೊಳವೆಯಲ್ಲಿ ಎಲೆಕ್ಟ್ರಾನ್ ಕಿರಣ ಒಂದೊಂದು ಸಾಲು ಎಳೆಯುತ್ತಿದ್ದಂತೆ, ಆ ಸಾಲಿನಲ್ಲಿ ಏನಿರಬೇಕೆಂದು ಚಿಪ್ಪು ಆಗಲೇ ಹೇಳಬೇಕು. ಒಂದು ಸಾಲಿಗೆ ಸಿಗುವ ಕಾಲ ಸುಮಾರು 63.5 ಮೈಕ್ರೊಸೆಕೆಂಡು. ಅಷ್ಟರಲ್ಲಿ ಚಿಪ್ಪಿನ ಗಡಿಯಾರ 76 ಬಾರಿ ಮಿಡಿಯುತ್ತದೆ. ಅತಿ ಚಿಕ್ಕ ಆದೇಶಕ್ಕೂ 2 ಮಿಡಿತ ಬೇಕು. ಅಂದರೆ ಸಾಲಿಗೆ ಹೆಚ್ಚೆಂದರೆ 38 ಆದೇಶಗಳು! ಇದರೊಳಗೆ ಪಾಪಾಯ್, ಬ್ರೂಟಸ್, ಆಲಿವ್, ಬೀಳುವ ಹೃದಯ ಎಲ್ಲವೂ ಬರಬೇಕು. ಆಟದಲ್ಲಿ ಕಾಣುವ ಪಾಪಾಯ್ ಮೊದ್ದು ಗೊಂಬೆಯಂತಿದ್ದಾನೆಂದು ನಗುವ ಮೊದಲು ಈ ಲೆಕ್ಕವನ್ನೊಮ್ಮೆ ನೋಡಿ.

ಅದೇ 1983ರ ಜುಲೈ 15ರಂದು ನಿಂಟೆಂಡೊ ತನ್ನ ಮನೆಯಂತ್ರ ಫ್ಯಾಮಿಕಾಂ ಅನ್ನು ಜಪಾನಿನಲ್ಲಿ ಬಿಡುಗಡೆ ಮಾಡಿತು. ಮೊದಲ ದಿನ ಜೊತೆಗೆ ಬಂದ ಆಟಗಳು ಮೂರೇ: ಡಾಂಕಿ ಕಾಂಗ್, ಡಾಂಕಿ ಕಾಂಗ್ ಜೂನಿಯರ್ ಮತ್ತು ಪಾಪಾಯ್. ಎರಡು ವರ್ಷದ ಹಿಂದೆ ಒಬ್ಬನ ಜಾಗಕ್ಕೆ ಇನ್ನೊಬ್ಬ ಬಂದಿದ್ದ. ಈಗ ಇಬ್ಬರೂ ಅಂಗಡಿಯ ಒಂದೇ ಕಪಾಟಿನಲ್ಲಿ ಅಕ್ಕಪಕ್ಕ. 1990ರ ದಶಕದಲ್ಲಿ ನಮ್ಮ ಪೇಟೆಗಳಲ್ಲಿ 'ಟಿ.ವಿ. ಗೇಮ್' ಎಂದು ಮಾರಾಟವಾದ ಅಗ್ಗದ ಪೆಟ್ಟಿಗೆಗಳಲ್ಲಿ ಹೆಚ್ಚಿನವು ಈ ಫ್ಯಾಮಿಕಾಂನ ನಕಲುಗಳೇ. ಒಂದರಲ್ಲೇ ಹತ್ತಾರು ಆಟಗಳನ್ನು ತುಂಬಿದ ಅದರ 'ಕ್ಯಾಸೆಟ್ಟು'ಗಳಲ್ಲಿ ಪಾಪಾಯ್ ಕೂಡ ಇರುತ್ತಿದ್ದ.

ಅಧ್ಯಾಪಕರಿಗೆ ಹೆಚ್ಚು ಕುತೂಹಲವಾಗುವುದು 1983ರ ನವೆಂಬರಿನಲ್ಲಿ ಫ್ಯಾಮಿಕಾಂಗೆ ಬಂದ ಇನ್ನೊಂದು ಆಟ, 'ಪಾಪಾಯ್ ನೋ ಎಯ್‌ಗೊ ಅಸೊಬಿ', ಅಂದರೆ ಪಾಪಾಯ್‌ನ ಇಂಗ್ಲಿಷ್ ಆಟ. ಜಪಾನಿ ಮಕ್ಕಳು ಪಾಪಾಯ್‌ನನ್ನು ಓಡಿಸಿ, ಅಕ್ಷರಗಳನ್ನು ಆರಿಸಿ ಇಂಗ್ಲಿಷ್ ಪದಗಳನ್ನು ಪೂರ್ಣಗೊಳಿಸಬೇಕು. ಮರು ತಿಂಗಳೇ ಡಾಂಕಿ ಕಾಂಗ್ ಜೂನಿಯರ್ ಗಣಿತ ಕಲಿಸಲು ಬಂದ. ಮನೆಯ ಆಟದ ಯಂತ್ರವನ್ನು ಪಾಠಕ್ಕೆ ಬಳಸುವ ಆರಂಭದ ಪ್ರಯತ್ನಗಳಿವು. ಉದ್ದೇಶ ಒಳ್ಳೆಯದು. ಆದರೆ ಕಲಿಕೆಯ ದೃಷ್ಟಿಯಿಂದ ಇವು ನನಗೆ ಅಷ್ಟಾಗಿ ಮೆಚ್ಚುಗೆಯಾಗಿಲ್ಲ. ಇಲ್ಲಿ ಮಗುವಿಗೆ ಸಿಗುವುದು ಕಾಗುಣಿತ ಮಾತ್ರ. ಪದ ವಾಕ್ಯದಲ್ಲಿ ಬದುಕುವ ಬಗೆ ಸಿಗುವುದಿಲ್ಲ. ಪಾಪಾಯ್ ಬದಲು ಬೇರೆ ಯಾರನ್ನು ಓಡಿಸಿದ್ದರೂ ಪಾಠ ಅದೇ. ಏತದ ಹಲಗೆ, ತೂಗಾಡುವ ಹೃದಯಗಳ ಮೂಲ ಆಟದಲ್ಲಿ ಕಲಿಸುವ ಉದ್ದೇಶವೇ ಇರಲಿಲ್ಲ. ಕಲಿಯುವುದಕ್ಕೆ ಅಲ್ಲೇ ಹೆಚ್ಚಿತ್ತು.

ಆಮೇಲಿನ ಆಟಗಳ ಬಗ್ಗೆ ಹೆಚ್ಚು ಹೇಳಬೇಕಾದ್ದಿಲ್ಲ, ಒಂದನ್ನು ಬಿಟ್ಟು. 1985ರಲ್ಲಿ ಬ್ರಿಟನ್ನಿನ ಡಾನ್ ಪ್ರೀಸ್ಟ್ಲಿ, ಝಡ್‌ಎಕ್ಸ್ ಸ್ಪೆಕ್ಟ್ರಮ್ ಎಂಬ ಅಗ್ಗದ ಗಣಕಕ್ಕೆ ಬರೆದ ಪಾಪಾಯ್ ಅದು. ಆ ಗಣಕದಲ್ಲಿ 8 ಬಿಂದು ಅಗಲ, 8 ಬಿಂದು ಎತ್ತರದ ಒಂದು ಚೌಕದೊಳಗೆ ಎರಡೇ ಬಣ್ಣಗಳಿಗೆ ಅವಕಾಶ. ಎರಡು ಪಾತ್ರಗಳು ಹತ್ತಿರ ಬಂದರೆ ಒಂದರ ಬಣ್ಣ ಇನ್ನೊಂದಕ್ಕೆ ಮೆತ್ತಿಕೊಳ್ಳುತ್ತಿತ್ತು. ಉಳಿದವರು ಇದಕ್ಕೆ ಅಂಜಿ ಪಾತ್ರಗಳನ್ನು ಒಂದೇ ಬಣ್ಣದಲ್ಲಿ, ಚಿಕ್ಕದಾಗಿ ಬಿಡಿಸುತ್ತಿದ್ದಾಗ, ಪ್ರೀಸ್ಟ್ಲಿ ಪರದೆಯ ಎತ್ತರದ ದೊಡ್ಡ ಪಾಲನ್ನೇ ಆಕ್ರಮಿಸುವ, ಬಣ್ಣಬಣ್ಣದ ಪಾಪಾಯ್‌ನನ್ನು ನಡೆಸಿ ತೋರಿಸಿದರು. ಅನಂತರ 1990ರ ದಶಕದ ಗೇಮ್ ಬಾಯ್ ಆಟಗಳು, 1994ರ ಒಂದು ಪಿನ್‌ಬಾಲ್ ಯಂತ್ರ, 2005ರ ಗೇಮ್ ಬಾಯ್ ಅಡ್ವಾನ್ಸ್ ಆಟ ಬಂದವು. 2021ರಲ್ಲಿ ನಿಂಟೆಂಡೊ ಸ್ವಿಚ್ ಯಂತ್ರಕ್ಕೆ ಬೇರೊಂದು ಕಂಪನಿ ಹಳೆಯ ಆಟವನ್ನು ಮೂರು ಆಯಾಮಗಳಲ್ಲಿ ಮರುರೂಪಿಸಿತು. ಲಕ್ಷಾಂತರ ಬಿಂದುಗಳು ಕೈಗೆ ಸಿಕ್ಕ ಕಾಲದ ಈ ಪಾಪಾಯ್‌ಗೆ ವಿಮರ್ಶಕರಿಂದ ದೊರೆತದ್ದು ಟೀಕೆಯೇ.

1981ರಲ್ಲಿ ಅಡ್ಡಿಯಾದ ಅನುಮತಿಯ ಪ್ರಶ್ನೆಯೂ ಈಗ ಬಹುಮಟ್ಟಿಗೆ ಹಳತು. ಸೆಗರ್ ತೀರಿಕೊಂಡದ್ದು 1938ರಲ್ಲಿ. ಯುರೋಪಿನ ದೇಶಗಳಲ್ಲಿ ಅವನ ಕೃತಿಗಳ ಹಕ್ಕುಸ್ವಾಮ್ಯ 2008ರ ಕೊನೆಗೆ ಮುಗಿಯಿತು. ಅಮೆರಿಕದಲ್ಲಿ 1929ರ ಮೊದಲ ಪಾಪಾಯ್ ಚಿತ್ರಪಟ್ಟಿಗಳು 2025ರ ಜನವರಿ 1ರಂದು ಸಾರ್ವಜನಿಕ ಸ್ವತ್ತಾದವು.

ನಿಮ್ಮ ವಿದ್ಯಾರ್ಥಿಗಳಿಗೆ ಒಂದು ಗ್ರಾಫ್ ಹಾಳೆ ಕೊಡಿ. ಉದ್ದ 16, ಅಗಲ 16 ಚೌಕಗಳ ಜಾಗವನ್ನು ಗುರುತಿಸಿ, ಮೂರೇ ಬಣ್ಣಗಳಲ್ಲಿ ಚೌಕಗಳನ್ನು ತುಂಬಿ ಪಾಪಾಯ್‌ನನ್ನು ಬಿಡಿಸಲು ಹೇಳಿ. ಪೈಪು ಬಿಡಬೇಕೇ, ಟೊಪ್ಪಿಗೆ ಬಿಡಬೇಕೇ, ಮುಂಗೈಯ ಉಬ್ಬಿಗೆ ಎಷ್ಟು ಚೌಕ ಎಂದು ಅವರೇ ಚರ್ಚಿಸಲಿ. ಅನಂತರ ಹಾಳೆಯನ್ನು ಪಕ್ಕದ ತರಗತಿಗೆ ಒಯ್ದು, ಯಾರೆಂದು ಹೇಳದೆ ತೋರಿಸಿ. ಗುರುತು ಹಿಡಿದರೆ 12 ಚೌಕಗಳಿಗೆ ಇಳಿಸಿ, ಮತ್ತೆ 8ಕ್ಕೆ.